ಬಾಯಿ ನೋಡಿ ಕಲಿತ ಕನ್ನಡ

ಅರಸೀಕೆರೆಯ ಹೈಸ್ಕೂಲೊಂದರಲ್ಲಿ ನಾನು ಕನ್ನಡ ಪಾಠ ಮಾಡುತ್ತೇನೆ. ಆ ವರ್ಷ ಬೇಸಿಗೆ ರಜೆ ಶುರುವಾಗಿ, ತವರೂರು ಕಣಕಟ್ಟೆಗೆ ಹೋಗಿಬರೋಣ ಎಂದು ಬಟ್ಟೆ ಜೋಡಿಸಿಕೊಳ್ಳುತ್ತಿದ್ದಾಗ ಹಳೆಯ ವಿದ್ಯಾರ್ಥಿಯೊಬ್ಬನ ಫೋನ್ ಬಂತು. ಅವನು ಸಿನಿಮಾದಲ್ಲಿ ಸಹಾಯಕ ನಿರ್ದೇಶಕನಾಗಿದ್ದಾನೆ ಎಂದು ಕೇಳಿದ್ದೆ.

"ಮೇಡಂ, ನನಗೆ ಒತ್ತಕ್ಷರ ಬರ್ತಿರ್ಲಿಲ್ಲ, ನೀವು ಕೂರಿಸ್ಕೊಂಡು ಕಲಿಸಿದ್ರಿ. ಹಂಗೇ ಇನ್ನೊಬ್ರಿಗೆ ಕಲಿಸ್ಬೇಕು. ವಯಸ್ಸಾದೋರು. ಗ್ರೀಸ್ ದೇಶದ ಆ್ಯಕ್ಟ್ರು."

ಕಥೆ ಹೀಗಿತ್ತು. ಹಳೇಬೀಡಿನ ಶಿಲ್ಪಗಳ ಚಿತ್ರ ಬರೆಯಲು ಬಂದ ಒಬ್ಬ ವಿದೇಶಿ ಹುಡುಗ ಊರಿನ ಒಂದು ಮನೆಯಲ್ಲಿ ಉಳಿದುಕೊಂಡು, ಕನ್ನಡ ಕಲಿತು, ಆ ಮನೆಯ ಮಗಳು ಮನಸ್ಸು ಬಿಚ್ಚಿ ಹೇಳಿದ ಮಾತಿಗೆ ಉತ್ತರ ಕೊಡದೆ ಹೊರಟುಹೋಗುತ್ತಾನೆ. ಮುದುಕನಾದ ಮೇಲೆ ವಾಪಸು ಬರುತ್ತಾನೆ. ಆ ಮುದುಕನ ಪಾತ್ರಕ್ಕೆ ನಿರ್ದೇಶಕರು ಗ್ರೀಸ್‌ನಿಂದ ನಟನನ್ನು ಕರೆಸಿದ್ದರು. ಡಬ್ಬಿಂಗ್ ಬೇಡ, ಸ್ಥಳದಲ್ಲೇ ಅವರ ಸ್ವಂತ ದನಿ ರೆಕಾರ್ಡ್ ಆಗಬೇಕು ಎಂಬುದು ನಿರ್ದೇಶಕರ ಹಟ. ದೇವಸ್ಥಾನದ ಆವರಣದಲ್ಲಿ ಚಿತ್ರೀಕರಣಕ್ಕೆ ಅನುಮತಿ ಸಿಕ್ಕಿದ್ದು ಒಂದೇ ಒಂದು ಬೆಳಗ್ಗೆಗೆ. ಆ ಬೆಳಗ್ಗೆಯೊಳಗೆ ಆ ನಟರ ಬಾಯಲ್ಲಿ ಕನ್ನಡ ಹೊರಳಬೇಕಿತ್ತು.

ನಾನು ಒಪ್ಪಿಕೊಂಡೆ. ಒಪ್ಪಿಕೊಂಡ ಮೇಲೆ ಯೋಚನೆ ಶುರುವಾಯಿತು. ಮಕ್ಕಳು ತಪ್ಪು ಮಾಡಿದರೆ ಕೆಂಪು ಶಾಯಿಯಲ್ಲಿ ತಿದ್ದಬಹುದು. ಇವರ ತಪ್ಪು ದೊಡ್ಡ ಪರದೆಯ ಮೇಲೆ ಹಾಗೇ ಉಳಿದುಬಿಡುತ್ತದಲ್ಲ.

ಸಿನಿಮಾದವರು ಹಗರೆಯಲ್ಲಿ ಒಂದು ಮನೆ ಬಾಡಿಗೆಗೆ ಹಿಡಿದಿದ್ದರು. ಹಳೇಬೀಡಿಗೂ ಬೇಲೂರಿಗೂ ಹೋಗಿಬರಲು ಅನುಕೂಲವೆಂದು. ಎದುರಿಗೇ ಹಾಲಿನ ಡೈರಿ. ದಿನಾ ಬೆಳಗ್ಗೆ ಜಾವಗಲ್ ದಾರಿಯಲ್ಲಿ ಅವರ ಕಾರಿನಲ್ಲಿ ಹೋಗುತ್ತಿದ್ದೆ. ಮೊದಲ ದಿನ ನಾನು ಒಳಗೆ ಹೋದಾಗ ಆ ಮನುಷ್ಯ ಪಡಸಾಲೆಯಲ್ಲಿ ಬೆತ್ತದ ಕುರ್ಚಿಯ ಮೇಲೆ ಕೂತಿದ್ದರು. ಎತ್ತರದ ಆಳು, ಬೆಳ್ಳಗಿನ ಒತ್ತಾದ ಕೂದಲು, ಬಿಸಿಲಿಗೆ ಕಂದಿದ ಮುಖ. ಎದ್ದು ನಿಂತು ಕೈಮುಗಿದು, "ನಮಸ್ಕಾರ, ಟೀಚರ್" ಎಂದರು. ಅಷ್ಟನ್ನು ಯಾರೋ ಹೇಳಿಕೊಟ್ಟಿದ್ದರು. ಇನ್ನುಳಿದದ್ದೆಲ್ಲ ನಾವಿಬ್ಬರೂ ನಮ್ಮ ನಮ್ಮ ಇಂಗ್ಲಿಷಿನಲ್ಲೇ ಮಾತಾಡಿದ್ದು.

ಅವರ ಶ್ರದ್ಧೆಗೆ ಏನೂ ಕೊರತೆ ಇರಲಿಲ್ಲ. ಆದರೆ ತಪ್ಪುಗಳು ವಿಚಿತ್ರವಾಗಿದ್ದವು. ಹೊರಗಿನವರು ತಡವರಿಸುವುದು ಸಾಮಾನ್ಯವಾಗಿ ಳಕಾರ, ಣಕಾರಗಳಲ್ಲಿ. ಇವರೂ ಕಲ್ಲನ್ನು ಕಳ್ಳು ಮಾಡಿ ಊಟದ ಹೊತ್ತಿಗೆ ಎಲ್ಲರನ್ನೂ ನಗಿಸಿದ್ದರು. ಅದು ಅರ್ಥವಾಗುವ ತಪ್ಪು. ಆದರೆ 'ಬಾಗಿಲು' ಎಂದರೆ 'ಮಾಗಿಲು' ಎನ್ನುತ್ತಿದ್ದರು. 'ಮನೆ' ಎಂದರೆ ಒಮ್ಮೆ 'ಬನೆ', ಇನ್ನೊಮ್ಮೆ 'ಪನೆ'. ಮಕಾರ ಬಾರದ ಭಾಷೆ ಭೂಮಿಯ ಮೇಲೆ ಯಾವುದಿದೆ? ಬಿಡಿಸಿ ಬಿಡಿಸಿ ಹೇಳಿದರೂ ಮರುದಿನ ಮತ್ತೆ ಬದಲಾಗುತ್ತಿತ್ತು. ಮನೆಗೆ ಬಂದ ಮೇಲೆ ಮಾತುಗಳನ್ನು ಫೋನಿನಲ್ಲಿ ರೆಕಾರ್ಡ್ ಮಾಡಿ ಕಳಿಸಿದರೆ, "ಟೀಚರ್, ದಯವಿಟ್ಟು ವಿಡಿಯೋ ಕಳಿಸಿ, ಬರೀ ದನಿ ಬೇಡ" ಎಂದು ಉತ್ತರ ಬರೆದರು. ನನಗೆ ಮುಜುಗರವಾಯಿತು. ಪಾಠದ ಹೊತ್ತಿನಲ್ಲೂ ಅವರು ನನ್ನ ಕಣ್ಣನ್ನು ನೋಡುತ್ತಿರಲಿಲ್ಲ, ಬಾಯನ್ನೇ ನೋಡುತ್ತಿದ್ದರು. ಅದಕ್ಕೆಂದೇ ಸೆರಗನ್ನು ಬಾಯಿಗೆ ಅಡ್ಡ ಹಿಡಿಯುವ ಅಭ್ಯಾಸ ಮಾಡಿಕೊಂಡೆ. ಹಾಗೆ ಹಿಡಿದಾಗಲೆಲ್ಲ ಅವರು ಪೂರ್ತಿ ದಾರಿ ತಪ್ಪುತ್ತಿದ್ದರು.

ಒಂದು ಬೆಳಗ್ಗೆ ಡೈರಿಯಲ್ಲಿ ಯಾರೋ ಕ್ಯಾನನ್ನು ಕೈಜಾರಿ ಬೀಳಿಸಿದರು. ಅದು ಕಟ್ಟೆಯಿಂದ ಉರುಳಿ ಸಿಮೆಂಟಿನ ಮೇಲೆ ಬಿದ್ದ ಸದ್ದಿಗೆ ನಾನು ಕುರ್ಚಿಯಿಂದ ಎದ್ದೇಬಿಟ್ಟೆ, ಒಳಗಿದ್ದ ಅಡುಗೆಯವನು ಓಡಿ ಹೊರಗೆ ಬಂದ. ರಸ್ತೆಗೆ ಬೆನ್ನು ಹಾಕಿ ಕೂತಿದ್ದ ಆ ಮನುಷ್ಯ ಮಾತ್ರ ಕಣ್ಣುರೆಪ್ಪೆಯನ್ನೂ ಅಲುಗಿಸಲಿಲ್ಲ. ಎದ್ದು ನಿಂತ ನನ್ನನ್ನು ಕಂಡು, ಏನೋ ಆಗಿದೆ ಎಂದು ತಿಳಿದು, ಒಂದು ಗಳಿಗೆ ತಡವಾಗಿ ತಾವೂ ಬೆಚ್ಚಿದರು. ಬೆಚ್ಚಿದ ಹಾಗೆ ನಟಿಸಿದರು ಎಂದರೆ ಸರಿ.

ಆ ತಡ ನನಗೆ ಗೊತ್ತಿತ್ತು. ನಮ್ಮ ಮನೆಯಲ್ಲೇ ಅದನ್ನು ದಿನಾ ನೋಡುತ್ತಿದ್ದೆ. ನನ್ನ ತಂದೆ ರೈಲ್ವೆಯಲ್ಲಿದ್ದು ನಿವೃತ್ತರಾದವರು, ನಮ್ಮ ಜೊತೆಯಲ್ಲೇ ಇದ್ದಾರೆ. ಅವರಿಗೆ ಕಿವಿ ಮಂದವಾಗಿ ಎಷ್ಟೋ ವರ್ಷವಾಯಿತು. ಎಲ್ಲರೂ ನಕ್ಕ ಮೇಲೆ ನಗುತ್ತಾರೆ, ಕೇಳದಿದ್ದರೂ ಹೂಂಗುಡುತ್ತಾರೆ. ನಾನು ಗಟ್ಟಿಯಾಗಿ ಹೇಳಿದರೆ, "ಯಾಕೆ ಕಿರುಚ್ತೀಯ, ನನಗೇನು ಕಿವುಡಾ?" ಎಂದು ರೇಗುತ್ತಾರೆ.

ಮಕಾರ, ಬಕಾರ, ಪಕಾರಗಳ ಗುಟ್ಟು ಆಗ ಹೊಳೆಯಿತು. ಮೂರಕ್ಕೂ ತುಟಿ ಒಂದೇ ಥರ ಮುಚ್ಚಿ ತೆರೆಯುತ್ತದೆ. ಅವರು ನನ್ನಿಂದ ಕನ್ನಡವನ್ನು ಕಿವಿಯಿಂದ ಕಲಿಯುತ್ತಿರಲಿಲ್ಲ, ಕಣ್ಣಿಂದ ಕಲಿಯುತ್ತಿದ್ದರು.

ಅಡುಗೆಯವನು ಒಳಗೆ ಹೋದ ಮೇಲೆ ನಾನು ಸೆರಗು ಸರಿಸಿ, ಅವರ ಮುಖಕ್ಕೆ ನೇರವಾಗಿ, ನಿಧಾನವಾಗಿ ಕೇಳಿದೆ. "ಸರ್, ನಿಮಗೆ ಕೇಳಿಸೋದಿಲ್ಲ, ಅಲ್ವಾ?"

ಅವರ ಮುಖ ಬಿಳಚಿತು. ಬಾಗಿಲ ಕಡೆ ನೋಡಿದರು. ಆಮೇಲೆ ಬಹಳ ತಗ್ಗಿದ ದನಿಯಲ್ಲಿ, "ಎಡಗಿವಿ ಸ್ವಲ್ಪ ಇದೆ. ಹತ್ತಿರ ಕೂತು ಮಾತಾಡಿದರೆ, ಬಾಯಿ ಕಂಡರೆ, ಸಾಕಾಗುತ್ತೆ. ಯಾರಿಗೂ ಹೇಳಬೇಡಿ" ಎಂದರು. ಕಿವಿಗೆ ಹಾಕುವ ಯಂತ್ರ ಅವರ ಜೇಬಿನಲ್ಲೇ ಇತ್ತು. ಬಯಲಿನಲ್ಲಿ ಅದರೊಳಗೆ ಗಾಳಿಯ ಮೊರೆತ ಬಿಟ್ಟು ಬೇರೇನೂ ಕೇಳುವುದಿಲ್ಲ, ಕ್ಯಾಮೆರಾ ಹತ್ತಿರ ಬಂದರೆ ಕಾಣಿಸಿಬಿಡುತ್ತದೆ ಎಂದರು.

ಆ ದಿನ ಪಾಠ ನಡೆಯಲಿಲ್ಲ. ಅವರು ತಮ್ಮ ಕಥೆ ಹೇಳಿದರು. ಅಥೆನ್ಸ್ ಪಕ್ಕದ ಬಂದರಿನಲ್ಲಿ ಹುಟ್ಟಿದವರು, ತಂದೆ ಹಡಗು ರಿಪೇರಿ ಕೆಲಸದವರು. ಬೀದಿಯಲ್ಲಿ ಶೂಟಿಂಗ್ ನಡೆಯುವಾಗ ಗುಂಪಿನಲ್ಲಿ ನಿಂತಿದ್ದವರನ್ನು ಮುಖ ಚೆನ್ನಾಗಿದೆಯೆಂದು ಒಬ್ಬರು ಮುಂದಕ್ಕೆ ಕರೆದರಂತೆ. ಮೊದಲು ನಾಯಕನ ಗೆಳೆಯ, ಆಮೇಲೆ ತಾವೇ ನಾಯಕ. ಕೆಲವು ವರ್ಷ ಅವರು ಕಾಫಿ ಅಂಗಡಿಗೆ ಹೋದರೆ ಜನ ಎದ್ದು ನಿಲ್ಲುತ್ತಿದ್ದರು. ಅಷ್ಟರಲ್ಲಿ ಮನೆಮನೆಗೂ ಟೀವಿ ಬಂತು. ಅವರಿದ್ದಂಥ ಸಿನಿಮಾಗಳು ನಿಂತವು, ಸ್ಟುಡಿಯೋಗಳು ಗೋದಾಮುಗಳಾದವು. ಅವರು ಮಕ್ಕಳ ಕಾರ್ಟೂನಿಗೆ ದನಿ ಕೊಡತೊಡಗಿದರು. ಬಹಳ ಕಾಲ ಒಂದು ಕರಡಿಗೆ ದನಿಯಾಗಿದ್ದರಂತೆ. "ಬೀದಿಯಲ್ಲಿ ಯಾರಿಗೂ ನನ್ನ ಗುರುತು ಸಿಗ್ತಿರಲಿಲ್ಲ. ಬಾಯಿ ಬಿಟ್ಟರೆ ಮಕ್ಕಳು ತಿರುಗಿ ನೋಡೋರು" ಎಂದರು. ಆಮೇಲೆ ಧಾರಾವಾಹಿಗಳಲ್ಲಿ ಪಾದ್ರಿ, ಡಾಕ್ಟರು, ಹೆಣ್ಣಿನ ತಂದೆ. ದೇಶಕ್ಕೇ ಕಷ್ಟಕಾಲ ಬಂದಾಗ ಧಾರಾವಾಹಿಗಳೂ ನಿಂತವು. ಉಳಿದದ್ದು ನಾಟಕ.

"ನಾಟಕದಲ್ಲೇ ಗೊತ್ತಾಗಿದ್ದು. ನನ್ನ ಹಿಂದೆ ನಿಂತ ಹುಡುಗಿ ಮಾತು ಮುಗಿಸಿದ್ದಳು. ನನಗೆ ತಿಳಿಯಲೇ ಇಲ್ಲ. ಜನ ನಕ್ಕರು. ದುಃಖದ ನಾಟಕ ಅದು."

ಆಮೇಲೆ ಅವರನ್ನು ಯಾರೂ ಮಾತಿರುವ ಪಾತ್ರಕ್ಕೆ ಕರೆಯಲಿಲ್ಲ. ಆಸ್ಪತ್ರೆಯ ಮಂಚದ ಮೇಲೆ ಮಲಗಿರುವ ರೋಗಿ, ಅಂಗಡಿಯ ಮೂಲೆಯಲ್ಲಿ ಕೂತ ಮುದುಕ, ಒಮ್ಮೆ ಹೆಣ. ಹಾಗಿರುವಾಗ ನಮ್ಮ ನಿರ್ದೇಶಕರು ಎಲ್ಲೋ ಒಂದು ಚಿತ್ರೋತ್ಸವದಲ್ಲಿ ಅವರ ಹಳೆಯ ಸಿನಿಮಾ ನೋಡಿ ಹುಡುಕಿಕೊಂಡು ಹೋದರು. ಬಹಳ ವರ್ಷಗಳ ಮೇಲೆ ಸಿಕ್ಕಿದ ಮಾತಿರುವ ಪಾತ್ರ ಇದು.

ನಾನು ಯಾರಿಗೂ ಹೇಳಲಿಲ್ಲ. ಹೇಳಬೇಕಾದದ್ದು ಅವರೇ ಎಂದು ನನಗನ್ನಿಸಿತ್ತು. ಅವರಿಗೂ ಹಾಗೇ ಹೇಳಿದೆ. "ಮೊದಲ ಸೀನು ಮುಗೀಲಿ, ಟೀಚರ್" ಎಂದರು. ಪಾಠದ ಕ್ರಮ ಮಾತ್ರ ಬದಲಾಯಿಸಿದೆ. ಮಕಾರಕ್ಕೆ ಅವರು ತಮ್ಮ ಮೂಗಿನ ಪಕ್ಕ ಬೆರಳಿಡಬೇಕು, ಅಲ್ಲಿ ಝುಂ ಎನ್ನಬೇಕು. ಬಕಾರಕ್ಕೆ ಗಂಟಲ ಮೇಲೆ ಕೈ. ಪಕಾರಕ್ಕೆ ತುಟಿಯ ಮುಂದೆ ಒಂದು ಚೂರು ಕಾಗದ, ಅದು ಅಲುಗಬೇಕು. ನಾನು ನನ್ನ ಮೂಗು ಮುಟ್ಟಿಕೊಂಡು ತೋರಿಸಿದರೆ ಅವರು ಅವರ ಮೂಗು ಮುಟ್ಟಿಕೊಳ್ಳುವರು. ಒಂದು ವಾರದೊಳಗೆ ಬಾಗಿಲು ಬಾಗಿಲಾಯಿತು, ಮನೆ ಮನೆಯಾಯಿತು.

ಆದರೆ ದೊಡ್ಡ ಕಷ್ಟ ಬೇರೆ ಇತ್ತು. ಹಳೇಬೀಡಿನ ದೃಶ್ಯದಲ್ಲಿ ಅವರು ದೇವಸ್ಥಾನದ ಗೋಡೆಗೆ ಮುಖ ಮಾಡಿ ಜಗತಿಯ ಮೇಲೆ, ಅಂದರೆ ಗುಡಿಯ ಸುತ್ತಲಿನ ಎತ್ತರದ ಕಲ್ಲುಕಟ್ಟೆಯ ಮೇಲೆ, ನಿಂತಿರಬೇಕು. ಹಿಂದಿನಿಂದ ಆ ಮನೆಯ ಮಗಳು, ಈಗ ಮುದುಕಿ, ಬಂದು ಮಾತಾಡಬೇಕು. ಅವಳು ಮುಗಿಸಿದ ಮೇಲೆ ಇವರು ತಿರುಗಿ ಉತ್ತರ ಕೊಡಬೇಕು. ಹಿಂದೆ ನಿಂತವರ ಬಾಯಿ ಕಾಣುವುದೆಲ್ಲಿಂದ? ನಾವು ಒಂದು ಉಪಾಯ ಮಾಡಿದೆವು. ಗೋಡೆಯ ಮೂಲೆಯಲ್ಲಿ ಅವರಿಗೆ ಕಾಣುವ ಹಾಗೆ ನಾನು ಕೊಡೆ ಹಿಡಿದು ನಿಲ್ಲುವುದು, ಮಾತು ಮುಗಿದ ಕೂಡಲೇ ಕೊಡೆ ಇಳಿಸುವುದು.

ಆ ಬೆಳಗ್ಗೆ ಹೊತ್ತು ಹುಟ್ಟುವ ಮೊದಲೇ ಎಲ್ಲರೂ ಅಲ್ಲಿದ್ದೆವು. ನಾನು ಕೊಡೆ ಹಿಡಿದು ನನ್ನ ಜಾಗಕ್ಕೆ ಹೋಗಿ ನಿಂತೆ. ನಿರ್ದೇಶಕರು ಕ್ಯಾಮೆರಾದಲ್ಲಿ ನೋಡಿದರು, ಇನ್ನೊಮ್ಮೆ ನೋಡಿದರು, ಕ್ಯಾಮೆರಾವನ್ನು ಆಚೆ ಬದಿಗೆ ಒಯ್ಯಲು ಹೇಳಿದರು. ನನ್ನ ವಿದ್ಯಾರ್ಥಿ ಓಡಿ ಬಂದ.

"ಮೇಡಂ, ಫ್ರೇಮಲ್ಲಿ ಬರ್ತಿದ್ದೀರ. ಈ ಕಡೆ ಬಂದ್ಬಿಡಿ, ಮಾನಿಟರ್ ಹಿಂದಕ್ಕೆ."

"ನಾನು ಇಲ್ಲೇ ಕೂತ್ಕೊಂಡ್ರೆ?"

"ಆಗಲ್ಲ ಮೇಡಂ. ಬೇಗ ಬನ್ನಿ, ಬಿಸಿಲು ಬಂದ್ಬಿಡ್ತು."

ಹೋಗುವಾಗ, ಗೋಡೆಯ ಮುಂದೆ ನಿಂತಿದ್ದ ಅವರ ಕಡೆ ನೋಡಿದೆ. ಅವರಿಗೆ ಅರ್ಥವಾಗಿತ್ತು. ಕೊಡೆ ಮಡಿಸಿಕೊಂಡು ಮಾನಿಟರ್ ಹಿಂದೆ ಹೋಗಿ ನಿಂತೆ. ಮುದುಕಿಯ ಪಾತ್ರದಾಕೆ ಹೆಜ್ಜೆ ಹಾಕುತ್ತ ಬಂದು, ನಿಂತು, ಇನ್ನು ನಿಮಗೆ ನಮ್ಮ ಮನೆ ಬಾಗಿಲು ಹಾಕಿಕೊಳ್ಳುತ್ತೇನೆ ಎಂಬ ಮಾತು ಶುರು ಮಾಡಿದರು. ಆಕೆ ಕಂಪನಿ ನಾಟಕಗಳಲ್ಲಿ ಬೆಳೆದ ಹಿರಿಯ ನಟಿ, ದನಿ ಗಂಟೆಯ ಹಾಗಿತ್ತು. ಅದು ಇಡೀ ಆವರಣಕ್ಕೆ ಕೇಳಿದರೂ ತಲುಪಬೇಕಾದವರಿಗೆ ತಲುಪುವುದಿಲ್ಲ ಎಂಬುದು ನನಗೊಬ್ಬಳಿಗೇ ಗೊತ್ತಿತ್ತು. ಮಾತು ಮುಗಿಯಿತು. ಆಕೆ ಎತ್ತಿದ್ದ ಕೈ ಇಳಿಸಿದರು. ಒಂದು ಉಸಿರು, ಎರಡು ಉಸಿರು. ಅವರು ತಿರುಗಿದರು.

"ಬಾಗಿಲು ಹಾಕ್ಕೋಬೇಡಮ್ಮ. ನಾನು ಒಳಗೆ ಬರಲ್ಲ. ಹೊರಗೇ ನಿಂತಿರ್ತೀನಿ."

ಒಂದಕ್ಷರ ತಪ್ಪಿರಲಿಲ್ಲ. "ಆ ತಡ ಇದೆಯಲ್ಲ, ಎಷ್ಟು ಚೆನ್ನಾಗಿದೆ" ಎಂದರು ನಿರ್ದೇಶಕರು. ನಾನು ನೀರಿನ ಬಾಟಲಿ ಕೊಡುವ ನೆಪದಲ್ಲಿ ಅವರ ಹತ್ತಿರ ಹೋದೆ. ಅವರು ತುಟಿಯಲ್ಲೇ, "ನೆರಳು" ಎಂದರು. ಎಳೆಬಿಸಿಲಿಗೆ ಆಕೆಯ ಉದ್ದ ನೆರಳು ಇವರ ಕಾಲ ಪಕ್ಕದ ಕಲ್ಲಿನ ಮೇಲೆ ಬಿದ್ದಿತ್ತು. ನೆರಳಿನ ಕೈ ಇಳಿದದ್ದನ್ನು ನೋಡಿ ತಿರುಗಿದ್ದರು.

ಅಲ್ಲಿಗೆ ಮುಗಿದಿದ್ದರೆ ಚೆನ್ನಾಗಿತ್ತು. ನಿರ್ದೇಶಕರು ಇನ್ನೊಂದು ಟೇಕ್ ತೆಗೆಯೋಣ ಎಂದರು. ಆಕೆ ಮಾತು ಶುರು ಮಾಡುವಷ್ಟರಲ್ಲಿ ಕೆರೆಯ ಕಡೆಯಿಂದ ಒಂದು ಮೋಡ ಬಂದು ಹೊತ್ತಿಗೆ ಅಡ್ಡ ನಿಂತಿತು. ಕಲ್ಲೆಲ್ಲ ಒಂದೇ ಬಣ್ಣವಾಯಿತು. ಮಾತು ಮುಗಿಯಿತು. ಅವರು ನಿಂತೇ ಇದ್ದರು. ಮೊದಮೊದಲು ಎಲ್ಲರೂ ಅದನ್ನು ಅಭಿನಯ ಅಂದುಕೊಂಡರು. ಆಕೆ ಕೊನೆಯ ಮಾತನ್ನು ಮತ್ತೊಮ್ಮೆ ಹೇಳಿದರು. ಆಗಲೂ ಇಲ್ಲ. ಕಡೆಗೆ ಹತ್ತಿರ ಹೋಗಿ ಹೆಗಲು ಮುಟ್ಟಿದರು. ಅವರು ಎಷ್ಟು ಜೋರಾಗಿ ಬೆದರಿದರೆಂದರೆ ಆಕೆಯೇ ಹೆದರಿ ಹಿಂದೆ ಸರಿದರು.

"ಮರೆತುಹೋಯಿತು, ಕ್ಷಮಿಸಿ" ಎಂದರು ಅವರು.

ಆ ಮಾತು ಮಧ್ಯಾಹ್ನದ ಊಟದ ಹೊತ್ತಿಗೆ ಎಲ್ಲರ ಬಾಯಲ್ಲಿತ್ತು. ನಿರ್ಮಾಪಕರ ಕಡೆಯವರೊಬ್ಬರು ತಟ್ಟೆ ಹಿಡಿದುಕೊಂಡೇ ನನ್ನ ಹತ್ತಿರ ಬಂದರು. "ಮೇಡಂ, ನೀವು ದಿನಾ ಜೊತೇಲಿರ್ತೀರಿ. ಆ ಯಜಮಾನ್ರಿಗೆ ಮರೆವಿನ ಕಾಯಿಲೆ ಏನಾರಾ ಐತಾ? ಬೇಲೂರಿನ ಸೀನು ಪೂರ್ತಿ ಮಾತೇ ಇರಾದು. ಕಿತ್ತಾಕ್ಬಿಡಾದೇ ಮೇಲು ಅಂತ ನಮ್ಮೋರಂತಾವ್ರೆ."

"ಮರೆವಿಲ್ಲ" ಎಂದೆ. ಅದು ನಿಜ.

ಹಗರೆಗೆ ವಾಪಸಾಗುವ ಕಾರಿನಲ್ಲಿ ಅವರ ಎಡಕ್ಕೆ ಕೂತೆ. ಡ್ರೈವರಿಗೆ ಇಂಗ್ಲಿಷ್ ಬಾರದೆಂಬ ಧೈರ್ಯದ ಮೇಲೆ ಹೇಳಿದೆ. "ನಿಮಗೆ ಮರೆವು ಅಂತ ಅಂದ್ಕೊಂಡಿದ್ದಾರೆ. ಬೇಲೂರಿನ ಸೀನು ತೆಗೆದುಹಾಕ್ತಾರಂತೆ."

ಅವರು ಕಿಟಕಿಯ ಕಡೆ ತಿರುಗಿಕೊಂಡರು. ತಿರುಗಿಕೊಂಡರೆ ನನ್ನ ಮಾತು ಅವರಿಗೆ ಇಲ್ಲವಾಗುತ್ತದೆ. ಹಾಗೆ ಮಾಡಿದ್ದು ಬೇಕೆಂದೇ ಎಂದು ಗೊತ್ತಾಗಿ ನನಗೆ ಸಿಟ್ಟು ಬಂತು. ಕಾರು ಹಗರೆಯ ಮನೆ ಮುಂದೆ ನಿಂತಿತು. ಇಳಿಯುವಾಗ ಅವರೇ ನನ್ನ ಮುಖ ನೋಡಿದರು. "ಮರೆವು ಅಂದರೆ ಒಂದು ದಿನದ್ದು, ನಾಳೆ ಸರಿಹೋಗುತ್ತೆ ಅಂದುಕೊಳ್ತಾರೆ. ಕಿವುಡ ಅಂದರೆ ನಾಳೆಯೇ ಇರೋದಿಲ್ಲ, ಟೀಚರ್."

"ಸರ್, ನಾಳೆಯೇ ಇಲ್ಲದ ಹಾಗೆ ಮಾಡ್ಕೊಳ್ತಿರೋರು ನೀವು" ಎಂದೆ. ಹಿರಿಯರಿಗೆ ಹಾಗೆ ಎದುರಾಡಿದವಳಲ್ಲ ನಾನು. ಮನೆಗೆ ಬಂದ ಮೇಲೂ ಆ ಮಾತು ಕೊರೆಯುತ್ತಿತ್ತು. ಊಟಕ್ಕೆ ಕೂತ ತಂದೆ ಏನೋ ಕೇಳಿದರು, ನಾನು ಉತ್ತರ ಹೇಳಿದೆ, ಅವರು ಹೂಂ ಎಂದರು. ಕೇಳಿಸಿರಲಿಲ್ಲ. ಆ ದಿನ ಅದನ್ನು ಹಾಗೇ ಬಿಡಲಾಗಲಿಲ್ಲ. ಎದುರು ಕೂತು, ಮುಖಕ್ಕೆ ಮುಖ ಕೊಟ್ಟು, ಕಿರುಚದೆ ಮತ್ತೆ ಹೇಳಿದೆ. ಅವರು ರೇಗಲಿಲ್ಲ. "ಹಂಗಾ" ಎಂದು ಉತ್ತರ ಕೊಟ್ಟರು.

ಬೇಲೂರಿನ ದೃಶ್ಯ ಹಳೆಯ ಮನೆಯೊಂದರ ನಡುಮನೆಯಲ್ಲಿತ್ತು. ನಾವು ಹೋದಾಗ ದೀಪಗಳನ್ನು ಜೋಡಿಸುತ್ತಿದ್ದರು. ಅವರು ಬೆಳಗಿನ ತಿಂಡಿ ಮುಟ್ಟಿರಲಿಲ್ಲ. ನನ್ನ ಕಡೆ ನೋಡದೆ ನೇರವಾಗಿ ನಿರ್ದೇಶಕರ ಹತ್ತಿರ ಹೋಗಿ, ಒಂದು ಮಾತು ಹೇಳಬೇಕು ಎಂದು ಕರೆದುಕೊಂಡು ಒಳಗಿನ ಕೋಣೆಗೆ ಹೋದರು. ಬಾಗಿಲು ಮುಚ್ಚಿತು.

ನಾನು ಜಗಲಿಯ ಮೇಲೆ ಕೂತೆ. ಒಳಗಿನಿಂದ ದನಿ ಏರಿಳಿಯುತ್ತಿತ್ತು, ಮಾತು ತಿಳಿಯುತ್ತಿರಲಿಲ್ಲ. ನಿರ್ದೇಶಕರು ಹೊರಬಂದು, ಯಾರ ಮುಖವನ್ನೂ ನೋಡದೆ ಫೋನ್ ಹಿಡಿದು ಬೀದಿಯ ತುದಿಯವರೆಗೂ ಹೋದರು. ಅಲ್ಲಿಂದ ಇಲ್ಲಿಗೆ, ಇಲ್ಲಿಂದ ಅಲ್ಲಿಗೆ ಓಡಾಡುತ್ತ ಮಾತಾಡಿದರು. ಅವರ ಒಂದೊಂದು ಕೈಸನ್ನೆಗೂ ನಾನು ಒಂದೊಂದು ಅರ್ಥ ಕಟ್ಟುತ್ತಿದ್ದೆ. ಕೈ ಝಾಡಿಸಿದಾಗ ಎಲ್ಲ ಮುಗಿಯಿತು ಎಂದುಕೊಂಡೆ. ಆ ಫೋನಿನ ಮಾತು ಕೇಳಿಸಿಕೊಂಡಿದ್ದ ನನ್ನ ವಿದ್ಯಾರ್ಥಿ ಪಕ್ಕದಲ್ಲಿ ಬಂದು ಕೂತ.

"ನಿಮಗೆ ಗೊತ್ತಿತ್ತಾ ಮೇಡಂ?"

"ಗೊತ್ತಿತ್ತು ಕಣೋ."

ಅವನು ಎದ್ದು ದೀಪದವರ ಕಡೆ ಹೋದ. ಅದು ನನಗೆ ಇನ್ನೂ ಕಷ್ಟವಾಯಿತು.

ಕಡೆಗೆ ನಿರ್ದೇಶಕರು ಬಂದು ಎಲ್ಲರ ಎದುರಿಗೆ ಹೇಳಿದರು. "ಒಂದು ಕೆಲಸ ಮಾಡೋಣ. ಪಾತ್ರಕ್ಕೇ ಕಿವಿ ಕೇಳಿಸಲ್ಲ ಅಂತ ಮಾಡೋಣ. ಜನಕ್ಕೂ ಅಯ್ಯೋ ಪಾಪ ಅನ್ಸುತ್ತೆ." ನಾನು ಅದನ್ನು, ಒಳಗಿನ ಕೋಣೆಯಿಂದ ಬಂದು ನಿಂತಿದ್ದ ಅವರಿಗೆ ಇಂಗ್ಲಿಷಿನಲ್ಲಿ ತಿಳಿಸಿದೆ. ಮನಸ್ಸಿನಲ್ಲಿ, ಸದ್ಯ ಉಳಿಯಿತು ಎಂದುಕೊಂಡೆ.

ಅವರು ತಲೆಯಾಡಿಸಿದರು. ಆಗುವುದಿಲ್ಲ ಎಂದು.

"ಈ ಮನುಷ್ಯ ಅವಳ ಮಾತು ಕೇಳಿಸಿಕೊಂಡು, ಉತ್ತರ ಕೊಡದೆ ಹೋದವನು" ಎಂದರು ನಿಧಾನವಾಗಿ. "ಅವನನ್ನು ಕಿವುಡ ಮಾಡಿದರೆ ಅವನು ತಪ್ಪಿಸಿಕೊಂಡುಬಿಡುತ್ತಾನೆ. ಅವನಿಗೆ ಕೇಳಿಸಬೇಕು. ನನಗೆ ಕೇಳಿಸದಿರುವುದು ನನ್ನ ಕೆಲಸದ ಕಷ್ಟ, ಅವನದಲ್ಲ. ಬೇರೆಯವರನ್ನು ಹಾಕಿಕೊಳ್ಳಿ, ಆದರೆ ಅದನ್ನು ಮಾಡಬೇಡಿ."

ನಿರ್ದೇಶಕರು ಸಿಟ್ಟು ಮಾಡಿಕೊಂಡರೋ ಇಲ್ಲವೋ ತಿಳಿಯಲಿಲ್ಲ, ಹಣೆ ಉಜ್ಜಿಕೊಳ್ಳುತ್ತ ನಿಂತರು. ಅಷ್ಟು ಹೊತ್ತೂ ಮೂಲೆಯಲ್ಲಿ ಎಲೆಯಡಿಕೆ ಹಾಕಿಕೊಳ್ಳುತ್ತ ಕೂತಿದ್ದ ಹಿರಿಯ ನಟಿ, "ಏನಂತಾರೆ ಅವ್ರು?" ಎಂದು ನನ್ನನ್ನು ಕೇಳಿದರು. ಹೇಳಿದೆ. ಆಕೆ ಎದ್ದು ಬಂದರು.

"ಅಲ್ಲ ಕಣ್ರೀ, ನಾನ್ಯಾಕೆ ಬೆನ್ನ ಹಿಂದೆ ನಿಂತು ಮಾತಾಡ್ಬೇಕು? ಇಷ್ಟು ವರ್ಷ ಕಾದೋಳು ನಾನು. ಮುಖ ನೋಡ್ಕೊಂಡೇ ಕೇಳ್ತೀನಿ. ಅಲ್ಲಿ ಕೂತ್ಕೊಳ್ಳಿ ಅನ್ನಿ ಅವ್ರಿಗೆ. ನಾನು ಎದುರಿಗೆ ಕೂತ್ಕೊತೀನಿ."

ನಿರ್ದೇಶಕರು ಆಕೆಯನ್ನೂ ಅವರನ್ನೂ ನೋಡಿದರು. ಆಮೇಲೆ ದೀಪದವರಿಗೆ ಎಲ್ಲವನ್ನೂ ತಿರುಗಿಸಲು ಹೇಳಿದರು.

ಚಿತ್ರೀಕರಣ ಶುರುವಾದದ್ದು ಮಧ್ಯಾಹ್ನವಾದ ಮೇಲೆ. ಇಬ್ಬರೂ ಚಾಪೆಯ ಮೇಲೆ ಎದುರುಬದುರು ಕೂತಿದ್ದರು. ಆಕೆ ಕಂಪನಿಯ ದನಿ ಬಿಟ್ಟು ತೀರ ಮೆತ್ತಗೆ ಮಾತಾಡಿದರು. ಆದರೆ ಒಂದೊಂದು ಅಕ್ಷರವನ್ನೂ ತುಟಿಯಲ್ಲಿ ಬಿಡಿಸಿಟ್ಟರು. ಅವರು ಆಕೆಯ ಬಾಯನ್ನೇ ನೋಡುತ್ತಿದ್ದರು. ಹಾಗೆ ನೋಡುವಾಗ ಅವರ ಮುಖದಲ್ಲಿ ಒಂದು ಮಾತೂ ತಪ್ಪಿಹೋಗಬಾರದೆಂಬ ಭಯ ಇತ್ತು. ಆ ಭಯ ಪಾತ್ರದ್ದೋ ಅವರದ್ದೋ ನನಗೆ ಬೇರೆ ಮಾಡಲಾಗಲಿಲ್ಲ. ಉದ್ದದ ಉತ್ತರವನ್ನು ಅವರು ಎಲ್ಲೂ ನಿಲ್ಲದೆ ಹೇಳಿ ಮುಗಿಸಿದರು. 'ನಿಮ್ಮ ಮನೆ' ಎನ್ನುವ ಕಡೆ ಅವರ ಬೆರಳು ತಾನಾಗಿ ಮೂಗಿನ ಹತ್ತಿರ ಹೋಗಿ, ಅರ್ಧದಲ್ಲೇ ಕೆನ್ನೆ ಒರೆಸಿಕೊಂಡಿತು. ಬೇರೆ ಯಾರೂ ಗಮನಿಸಲಿಲ್ಲ. ಹಿರಿಯ ನಟಿ ಸೆರಗಿನಿಂದ ಕಣ್ಣೊತ್ತಿಕೊಂಡದ್ದು ಕಥೆಯಲ್ಲಿ ಬರೆದದ್ದಾಗಿರಲಿಲ್ಲ.

ಅವರು ಗ್ರೀಸಿಗೆ ವಾಪಸು ಹೋಗುವ ಮೊದಲು ಒಂದು ಸಲ ಅರಸೀಕೆರೆಯ ನಮ್ಮ ಮನೆಗೆ ಊಟಕ್ಕೆ ಬಂದಿದ್ದರು. ನನ್ನ ತಂದೆ ಅವರಿಗೆ ಕನ್ನಡದಲ್ಲಿ ರೈಲಿನ ವಿಷಯ ಹೇಳಿದರು, ಅವರು ತಂದೆಗೆ ಇಂಗ್ಲಿಷಿನಲ್ಲಿ ಹಡಗಿನ ವಿಷಯ ಹೇಳಿದರು. ಇಬ್ಬರಿಗೂ ಏನೂ ಕೇಳಿಸಿರಲಿಕ್ಕಿಲ್ಲ. ಆದರೆ ಇಬ್ಬರೂ ಸರಿಯಾದ ಜಾಗದಲ್ಲಿ ನಕ್ಕರು.

ಸಿನಿಮಾ ತೆರೆಗೆ ಬರಲು ಬಹಳ ತಡವಾಯಿತು. ನಮ್ಮೂರಿನ ಟಾಕೀಸಿಗೆ ಬಂದಾಗ ನಾನೂ ನನ್ನ ಮನೆಯವರೂ ಹೋದೆವು. ಜನ ಹೆಚ್ಚಿರಲಿಲ್ಲ. ಅವರು ಪರದೆಯ ಮೇಲೆ ಬಂದಾಗ ನನಗೆ ಕೂರಲಾಗಲಿಲ್ಲ, ಕುರ್ಚಿಯ ಕೈ ಬಿಗಿಯಾಗಿ ಹಿಡಿದುಕೊಂಡೆ. ಒಂದೊಂದು ಮಕಾರಕ್ಕೂ ಉಸಿರು ನಿಲ್ಲುತ್ತಿತ್ತು. ಮುಂದಿನ ಸಾಲಿನಲ್ಲಿ ಕೂತಿದ್ದ ಬಾಣಾವರದ ಕಡೆಯವರೊಬ್ಬರು ಪಕ್ಕದವರಿಗೆ ಹೇಳಿದರು. "ಡಬ್ಬಿಂಗ್ ಯಾರ್ಲಾ ಮಾಡಿರಾದು? ನಮ್ಮೋರೇ ಯಾರೋ ಇರ್ಬೇಕು. ಪಸಂದಾಗೈತೆ."

ಹೊರಗೆ ಬಂದ ಮೇಲೆ ಆ ಮಾತನ್ನು ಗ್ರೀಸಿನಲ್ಲಿದ್ದ ಅವರಿಗೆ ಬರೆದು ಕಳಿಸಿದೆ. ಉತ್ತರ ಮರುದಿನ ಬಂತು. ಅಲ್ಲಿ ಒಂದು ಧಾರಾವಾಹಿಯಲ್ಲಿ ಅಜ್ಜನ ಪಾತ್ರ ಸಿಕ್ಕಿದೆಯಂತೆ. ಮೊದಲ ದಿನವೇ ಕಿವಿಯ ವಿಷಯ ಹೇಳಿದರಂತೆ, ಧಾರಾವಾಹಿಯವರು ಎರಡು ದಿನ ಯೋಚಿಸಿ ಒಪ್ಪಿಕೊಂಡರಂತೆ. ಆ ಎರಡು ದಿನ ತಾವು ನಿದ್ದೆ ಮಾಡಲಿಲ್ಲ ಎಂದು ಬರೆದಿದ್ದರು.